ಹಾಡು ನಿಲ್ಲಿಸಲು ಕಲಿಸಿದ ಅಜ್ಜ

ಅಜ್ಜನ ಬಲಗಾಲಿನ ಹೆಬ್ಬೆರಳಲ್ಲಿ ದಪ್ಪನೆಯ ಕಬ್ಬಿಣದ ಉಂಗುರವಿತ್ತು. ಗಿಡ್ಡ ಮಣೆಯ ಮೇಲೆ ಕುಳಿತು, ಎಂಟು ತಂತಿಯ ವಾದ್ಯವನ್ನು ಕೈಯಿಂದ ಮೀಟುತ್ತ, ಆ ಉಂಗುರದಿಂದ ವಾದ್ಯದ ಮರಕ್ಕೇ ತಾಳ ಬಡಿಯುತ್ತಿದ್ದರು. ಟೊರಾಂಟೊದ ಸ್ಕಾರ್‌ಬರೋದಲ್ಲಿ ಅವರ ಮನೆಯ ಬೇಸ್‌ಮೆಂಟಿನಲ್ಲಿ ಬಾಡಿಗೆಗಿದ್ದ ನನಗೆ ಮೊದಲು ಪರಿಚಯವಾದದ್ದು ಚಾವಣಿಯಿಂದ ಇಳಿದು ಬರುತ್ತಿದ್ದ ಆ ಟಕ್ ಟಕ್.

ಅವರು ಕೀನ್ಯಾದ ಸರೋವರದ ಕಡೆಯವರು. ಭಾನುವಾರ ಮಧ್ಯಾಹ್ನ ಪ್ಲಾಜಾದ ಹೋಟೆಲಿನಲ್ಲಿ ಅವರ ಊರಿನವರೆಲ್ಲ ಸೇರುತ್ತಿದ್ದರು. ಅಜ್ಜನ ಪಕ್ಕ ಮೊಮ್ಮಗಳು ಲ್ಯಾಪ್‌ಟಾಪಿನಿಂದ ಡ್ರಮ್ಸ್ ಹಾಕಿ ಎಲೆಕ್ಟ್ರಿಕ್ ಗಿಟಾರು ನುಡಿಸುವಳು. ಹಳಬರು ಮೂಗು ಮುರಿದರೆ ಅಜ್ಜನಿಗೆ ನಗು.

"ಅವಳ ಗಿಟಾರು ಆಡುವುದು ನನ್ನ ತಂತಿಯ ಮಾತನ್ನೇ. ವೈರು ಮಾತ್ರ ಉದ್ದ."

ಅವರಲ್ಲೊಂದು ಪದ್ಧತಿ. ಕೇಳುವವರು ಯಾರು ಬೇಕಾದರೂ ಎದ್ದು ಹಾಡು ನಿಲ್ಲಿಸಬಹುದು. ತಾನು ಯಾರು, ಯಾರ ಮಗ, ಏನು ಸಾಧಿಸಿದೆ ಎಂದು ಎದೆಯುಬ್ಬಿಸಿ ಹೇಳಿದ ಮೇಲೆ ಹಾಡು ಮುಂದುವರಿಯುತ್ತದೆ.

ನನಗೆ ಅದನ್ನು ನೋಡಿಯೇ ಭಯ. ಕಾರ್ಕಳದಲ್ಲಿ ಅಮ್ಮ ಏನು ಮಾಡುತ್ತಾಳೆ ಎಂದು ಟೊರಾಂಟೊದಲ್ಲಿ ಯಾರೂ ಕೇಳಿರಲಿಲ್ಲ, ಬೀಡಿ ಕಟ್ಟುತ್ತಾಳೆ ಎಂದು ನಾನೂ ಹೇಳಿರಲಿಲ್ಲ.

ನನಗೆ ಡಿಗ್ರಿ ಸಿಕ್ಕಿದ ವಾರ ಅಜ್ಜ ನನ್ನನ್ನೂ ಪುತ್ತೂರಿನ ರೂಮ್‌ಮೇಟನ್ನೂ ಎದುರಿನ ಮೇಜಿಗೇ ಕೂರಿಸಿದರು. "ಇವತ್ತು ನಿಲ್ಲಿಸುವವಳು ನೀನು. ಅಲ್ಲಿಯವರೆಗೆ ನಾನಂತೂ ನಿಲ್ಲಿಸುವುದಿಲ್ಲ."

ಹಾಡು ಬೆಳೆಯಿತು. ಅಜ್ಜನ ಹಣೆ ಬೆವರಿತು. ಉಂಗುರದ ಪೆಟ್ಟು ಸಡಿಲಾಗಲಿಲ್ಲ.

"ಏಳು ಮಾರಾಯ್ತಿ, ಅಜ್ಜನ ಕಾಲು ಕಳಚಿ ಬೀಳ್ತದೆ," ರೂಮ್‌ಮೇಟು ತಿವಿದಳು.

"ನಮ್ಮಲ್ಲಿ ಹೀಗೆಲ್ಲ ಹೇಳಿಕೊಳ್ಳುದುಂಟಾ?"

"ಇಲ್ಲಿ ಉಂಟಲ್ಲ! ನೋಡ್ಲಿಕ್ಕೆ ಎಂತ ನಿನ್ನ ಅತ್ತೆ ಬಂದು ಕೂತಿದ್ದಾರಾ?"

ಎದ್ದೆ. "ಸ್ಟಾಪ್!" ಅಂದೆ. ತಂತಿ, ಗಿಟಾರು, ಲ್ಯಾಪ್‌ಟಾಪು ಎಲ್ಲ ಗಪ್‌ಚುಪ್.

"ನಾನು ಬೀಡಿ ಕಟ್ಟುವವಳ ಮಗಳು. ನಮ್ಮ ಮನೆಯ ಮೊದಲ ಡಿಗ್ರಿ ನನ್ನದು."

ಹೋಟೆಲಿಡೀ ಮೇಜು ಬಡಿಯಿತು. ಅಜ್ಜ ಅಮ್ಮನ ಹೆಸರು ಕೇಳಿ, ಅದನ್ನು ತಮ್ಮ ಭಾಷೆಯ ಹಾಡಿನೊಳಗೆ ಸೇರಿಸಿಬಿಟ್ಟರು. ನಾನು ಕಳಿಸಿದ ವಿಡಿಯೋ ನೋಡಿ ಅಮ್ಮ ಫೋನಿನಲ್ಲಿ ಕೇಳಿದ್ದು ಒಂದೇ: "ಆ ಪುಣ್ಯಾತ್ಮನಿಗೆ ನನ್ನ ಹೆಸರು ಹೇಳಿದ್ದು ಯಾರು?"

"ನಾನೇ ಅಮ್ಮ," ಅಂದೆ.

ಈ ಚಳಿಗಾಲದಲ್ಲಿ ಅಜ್ಜ ಹೋದರು. ಅವರ ನೆನಪಿಗೆ ಅದೇ ಹೋಟೆಲಿನಲ್ಲಿ ಎಲ್ಲರೂ ಸೇರಿದೆವು. ಮೊಮ್ಮಗಳು ಗಿಟಾರು ಎತ್ತಿಕೊಂಡಳು. ಲ್ಯಾಪ್‌ಟಾಪಿನಿಂದ ಡ್ರಮ್ಸ್ ಬರಲಿಲ್ಲ. ಅವಳು ಯಾವಾಗಲೋ ರೆಕಾರ್ಡ್ ಮಾಡಿಟ್ಟಿದ್ದ ಉಂಗುರದ ಟಕ್ ಟಕ್ ಬಂತು.

ಈ ಸಲ ಯಾರೂ ತಿವಿಯಬೇಕಾಗಲಿಲ್ಲ. ನಾನೇ ಎದ್ದು ಹಾಡು ನಿಲ್ಲಿಸಿದೆ.

"ನಾನು ಬೀಡಿ ಕಟ್ಟುವವಳ ಮಗಳು," ಅಂದೆ. "ಈ ಅಜ್ಜನ ಬೇಸ್‌ಮೆಂಟಿನವಳು."