ಇನ್ಸ್‌ಪೆಕ್ಟರ್ ಇಲ್ಲದ ತಪಾಸಣೆ

ನಮ್ಮ ಕೇರಿಯ ಶಾಲೆಯನ್ನು ಮಕ್ಕಳಿಲ್ಲವೆಂದು ಮುಚ್ಚಿದ ಮರುವರ್ಷ, 2016ರಲ್ಲಿ, ಮಗಳ ಮನೆಗೆಂದು ಸಿಡ್ನಿಗೆ ಬಂದೆ. ಕೆಲಸವಿಲ್ಲದೆ ಕೂರುವವನಲ್ಲ; ಒಂದನ್ನು ಜೊತೆಗೇ ತಂದಿದ್ದೆ. ಕೋಲಾರದ ಕಡೆಯ ನಮ್ಮೂರ ಶಾಲೆಯಲ್ಲಿ ದಲಿತರ ಮಕ್ಕಳನ್ನು ಬಾಗಿಲ ಹೊರಗೆ ಕೂರಿಸುತ್ತಿದ್ದರು. ಅದಕ್ಕೇ ನಮ್ಮ ಹಿರಿಯರು ತಾವೇ ಮಣ್ಣು ಕಲಸಿ ಕೇರಿಯಲ್ಲೊಂದು ಶಾಲೆ ಕಟ್ಟಿದರು. ನಾನು ಅಲ್ಲೇ ಓದಿದೆ, ಅಲ್ಲೇ ಹೆಡ್‌ಮಾಸ್ಟರಾದೆ. ಈಗ ಅದರೊಳಗೆ ಯಾರದೋ ಗೊಬ್ಬರದ ಚೀಲಗಳಿವೆ. ಓದಿದವರ ಬಾಯಿಂದ ಅದರ ಚರಿತ್ರೆ ಹೇಳಿಸಿಡದಿದ್ದರೆ, ಅಂಥದ್ದೊಂದು ಶಾಲೆ ಇತ್ತೆಂಬುದೇ ಉಳಿಯುವುದಿಲ್ಲ.

ಮೊದಲ ಹಳೆಯ ವಿದ್ಯಾರ್ಥಿ ಸಿಕ್ಕಿದ್ದು ಗಿರಾವೀನ್‌ನಲ್ಲೇ, ಮಗಳ ಮನೆಯ ಹತ್ತಿರ. ಬಸ್ ಓಡಿಸುತ್ತಾನೆ, ವಯಸ್ಸು ಐವತ್ತು ದಾಟಿದೆ. ನಾನು ಹೋದಾಗ ಬಾಗಿಲಲ್ಲೇ ಕೈಕಟ್ಟಿ ನಿಂತಿದ್ದ. ಸೋಫಾ ಅವನದೇ, ಆದರೂ ಎಷ್ಟು ಹೇಳಿದರೂ ಕೂರಲಿಲ್ಲ. ಮೊಬೈಲಿನಲ್ಲಿ ರೆಕಾರ್ಡಿಂಗ್ ಶುರು ಮಾಡಿ, "ಶಾಲೇಲಿ ನೀರಿಗೆ ಏನು ಮಾಡ್ತಿದ್ರಿ?" ಎಂದು ಕೇಳಿದೆ.

"ನೀರಿನ ವ್ಯವಸ್ಥೆ ಉತ್ತಮವಾಗಿತ್ತು ಸಾರ್."

"ಛಾವಣಿ?"

"ಸುಭದ್ರವಾಗಿತ್ತು ಸಾರ್."

ಆ ಸುಭದ್ರ ಛಾವಣಿಯ ಹೆಂಚು ಇವನ ತಲೆಯ ಮೇಲೆಯೇ ಬಿದ್ದಿತ್ತು. ಹಣೆಯ ಕಲೆ ಎದುರಿಗೇ ಕಾಣುತ್ತಿತ್ತು. ಅವನ ಮಗಳು ಅಡುಗೆಮನೆಯಿಂದ ಇಣುಕಿ, "ಡ್ಯಾಡ್, ಆರ್ ಯು ಇನ್ ಟ್ರಬಲ್?" ಎಂದಳು.

"ಸುಮ್ನಿರು, ಹೆಡ್‌ಮಾಸ್ಟ್ರು" ಎಂದ.

ಮುಂದಿನ ತಿಂಗಳು ಮೆಲ್ಬರ್ನಿಗೆ ಹೋದೆ. ಅಲ್ಲಿನ ವೆರಿಬೀ ಬಡಾವಣೆಯಲ್ಲಿ ನರ್ಸ್ ಆಗಿರುವ ಹಳೆಯ ವಿದ್ಯಾರ್ಥಿನಿ ತನ್ನ ಮನೆಗೆ ಇನ್ನಿಬ್ಬರು ಸಹಪಾಠಿಗಳನ್ನು ಕರೆಸಿದ್ದಳು. ಮಾರ್ಟ್‌ಗೇಜ್, ಮಂಡಿನೋವು ಎಂದು ಮೂವರೂ ಜೋರಾಗಿ ಹರಟುತ್ತಿದ್ದರು. ಮೊಬೈಲನ್ನು ಮೇಜಿನ ಮೇಲಿಟ್ಟೆನೋ ಇಲ್ಲವೋ, ಎದ್ದು ಟಿವಿಯ ಪಕ್ಕದ ಗೋಡೆಗೆ ಎತ್ತರದ ಪ್ರಕಾರ ಸಾಲಾಗಿ ನಿಂತರು. ನೀರು? ಉತ್ತಮ. ಛಾವಣಿ? ಸುಭದ್ರ. ಸಿಡ್ನಿಯವನದೇ ಮಾತು, ಅವನದೇ ರಾಗ.

ಆಗ ನೆನಪಾಯಿತು. ಒಂದು ಕೊರತೆ ಇನ್ಸ್‌ಪೆಕ್ಟರ ಕಿವಿಗೆ ಬಿದ್ದರೂ ಸಾಕು, ಅದನ್ನೇ ನೆಪ ಮಾಡಿ ಶಾಲೆ ಮುಚ್ಚಿಸಲು ಊರಿನ ದೊಡ್ಡವರು ಕಾದಿದ್ದರು. ಹಾಗಾಗಿ ಶನಿವಾರದ ಪ್ರಾರ್ಥನೆ ಮುಗಿದ ಮೇಲೆ ನಾನು ಈ ಉತ್ತರಗಳನ್ನು ಬಾಯಿಪಾಠ ಮಾಡಿಸುತ್ತಿದ್ದೆ. ಸಮುದ್ರ ದಾಟಿ ಬಂದು, ತಲೆ ನರೆತ ಮೇಲೂ ಇವರು ಶಾಲೆಯನ್ನು ಬಿಟ್ಟುಕೊಟ್ಟಿರಲಿಲ್ಲ.

"ಶಾಲೆ ಮುಚ್ಚಿ ಆಯ್ತು ಕಣಮ್ಮ" ಎಂದೆ. "ಇನ್ನು ಮುಚ್ಚಿಸೋಕೆ ಏನೂ ಉಳಿದಿಲ್ಲ."

ನರ್ಸ್ ಉಳಿದಿಬ್ಬರ ಮುಖ ನೋಡಿದಳು. "ಖಂಡಿತಾನಾ ಸಾರ್? ಆಮೇಲೆ ನಮ್ಮಿಂದ ಆಯ್ತು ಅನ್ಬಾರ್ದು."

"ಖಂಡಿತ."

ಅವಳು ಸಾಲು ಬಿಟ್ಟು ಮುಂದೆ ಬಂದಳು. "ನೀರಿರ್ಲಿಲ್ಲ ಸಾರ್. ಊರ ಬಾವಿ ಹತ್ರ ಸೇರಿಸ್ತಿರ್ಲಿಲ್ಲ. ದಾಹ ಅಂದ್ರೆ ನೀವು ಹದಿನೇಳರ ಮಗ್ಗಿ ಹೇಳ್ಸೋರು, ಮರ್ತು ಹೋಗ್ಲಿ ಅಂತ."

"ಮರೀತಿತ್ತಾ?"

"ಎಲ್ಲಿ ಸಾರ್. ಗಂಟ್ಲು ಇನ್ನೂ ಒಣಗೋದು."

ಅಷ್ಟು ಸಾಕಾಯಿತು. ಉಳಿದಿಬ್ಬರೂ ಒಟ್ಟಿಗೇ ಶುರು ಮಾಡಿದರು: ಮಳೆಗೆ ಕರಗಿದ ಗೋಡೆ, ಹಲಗೆಯ ಹಿಂದಿನ ಚೇಳು, ಕಲ್ಲು ತೂರಿದವರ ಹೆಸರು, ನನ್ನ ಇಂಗ್ಲಿಷು. "ಕೈ ಎತ್ತಿ, ಒಬ್ಬೊಬ್ಬರಾಗಿ ಮಾತಾಡಿ" ಎಂದೆ. ಯಾರೂ ಎತ್ತಲಿಲ್ಲ. ಬಡಿಸಿಟ್ಟ ಮುದ್ದೆ ಆರಿ ಕಲ್ಲಾಯಿತು. ಅವರಿನ್ನೂ ಮೂರನೆಯ ತರಗತಿಯಲ್ಲೇ ಇದ್ದರು.