ಅಣ್ಣ ಬಾಂಬು ಕಟ್ಟುತ್ತಿದ್ದ ವಿಮಾನ

ಯುದ್ಧ ಮುಗಿದ ಮರುವರ್ಷ ಅಣ್ಣ ಬರ್ಮಾದಿಂದ ಮಂಗಳೂರಿಗೆ ಹಿಂತಿರುಗಿದ. ವಾಯುಪಡೆಯಲ್ಲಿ ಅವನು ಹಾರುವವನಲ್ಲ, ವಿಮಾನಕ್ಕೆ ಮದ್ದುಗುಂಡು ತುಂಬುವವನು. ಕಡಲಿಗೆ ಹೋಗಿ ಬದುಕುವ ನಮ್ಮ ಮನೆಯಿಂದ ಅಂಥ ಕೆಲಸಕ್ಕೆ ಹೋದವನು ಅವನೊಬ್ಬನೇ. ಬಲ್ಮಠದ ಶಾಲೆಯಲ್ಲಿ ಓದುತ್ತಿದ್ದ ನಾನು, ಅವನ ತಂಗಿ, ಕಾಗದ ಬಂದಾಗೆಲ್ಲ ಅಮ್ಮನಿಗೆ ಓದಿ ಹೇಳುತ್ತಿದ್ದೆ. ಮೀನು ಮಾರಿ ಬಂದವಳು ಬುಟ್ಟಿ ಇಳಿಸುವ ಮೊದಲೇ ಕೇಳುತ್ತಿದ್ದಳು, ಅವನು ನೆಲದ ಮೇಲೆಯೇ ಇದ್ದಾನಲ್ಲ ಎಂದು.

ಬಂದ ಹೊಸತರಲ್ಲಿ ನೆರೆಯವರು ಅವನನ್ನು ಕೂರಿಸಿಕೊಂಡು, ನಿನ್ನದು ಕಾದಾಡುವ ವಿಮಾನವೋ ಬಾಂಬು ಹಾಕುವುದೋ ಎಂದು ವಿಚಾರಿಸಿದರು. ಎರಡೂ ಎಂದ. ಮೊದಲು ಅದನ್ನು ಆಕಾಶದಲ್ಲಿ ಕಾದಾಡಲೆಂದೇ ಮಾಡಿದ್ದಂತೆ. ಆಮೇಲೆ ಒಂದೊಂದು ರೆಕ್ಕೆಯ ಅಡಿಗೂ ಒಂದೊಂದು ಬಾಂಬು ಕಟ್ಟತೊಡಗಿದರಂತೆ. ಕಟ್ಟುತ್ತಿದ್ದವರಲ್ಲಿ ಇವನೂ ಒಬ್ಬ.

ಮಳೆಗಾಲ ಹಿಡಿಯಿತು. ದೋಣಿಗಳು ದಡ ಹತ್ತಿದವು. ಅಮ್ಮನ ಅಣ್ಣ, ಮನೆಯ ಯಜಮಾನರು, ಒಂದು ಮಧ್ಯಾಹ್ನ ಗಂಜಿ ಉಣ್ಣುತ್ತಾ ಹೊಳೆಗೆ ಸಿಡಿಮದ್ದಿನ ತೋಟೆ ಎಸೆದು ಮೀನು ಹಿಡಿಯುವ ಮಾತೆತ್ತಿದರು. ಕಲ್ಲುಕೋರೆಯವನೊಬ್ಬ ಮದ್ದು ಕೊಡಲು ಒಪ್ಪಿದ್ದನಂತೆ.

"ನಿನಗೆ ಆ ಕೆಲಸ ಗೊತ್ತುಂಟಲ್ಲ," ಎಂದರು ಅಣ್ಣನಿಗೆ.

"ನನ್ನಿಂದ ಆಗುವುದಿಲ್ಲ ಮಾವ."

ಮನೆಯಲ್ಲಿ ಅಕ್ಕಿ ತಳ ಕಂಡಿರುವಾಗ ಇದೆಂತ ಹಟ ಎಂದು ಮಾವ ರೇಗಿದರು. ಆಗ ಅಣ್ಣ, ತಲೆ ಎತ್ತದೆ, ಹೇಳಿದ. ತಾನು ಕಟ್ಟಿದ ಬಾಂಬು ಎಲ್ಲಿ ಬೀಳುತ್ತದೆಂದು ಅವನು ನೋಡಿದವನೇ ಅಲ್ಲ. ವಿಮಾನ ಹಗುರಾಗಿ ಹಿಂದೆ ಬರುತ್ತಿತ್ತು, ಇವನು ಮತ್ತೆ ಕಟ್ಟುತ್ತಿದ್ದ. ಸೈನ್ಯ ಮುಂದೊತ್ತಿದ ಮೇಲೆ ಲಾರಿಯಲ್ಲಿ ಆ ಬಾಂಬುಗಳು ಬಿದ್ದ ದಾರಿಯಾಗಿಯೇ ಹೋಗಬೇಕಾಯಿತು. ಹೊಳೆಯ ಬದಿಯಲ್ಲೊಂದು ಊರು. ಶತ್ರುಗಳು ಅಲ್ಲಿ ಅಡಗಿದ್ದದ್ದು ನಿಜ. ಆದರೆ ಈಗ ಉಳಿದಿದ್ದವಳು ಒಬ್ಬ ಮುದುಕಿ. ಸುಟ್ಟ ಮನೆಯ ಮುಂದೆ ಹರಿದ ಬಲೆ ಹೆಣೆಯುತ್ತಿದ್ದಳು. ಇವನನ್ನು ಕಂಡು ಸ್ವಲ್ಪ ಸರಿದು, ಕೂರಲು ಚಾಪೆಯಲ್ಲಿ ಜಾಗ ಮಾಡಿಕೊಟ್ಟಳು.

"ನಾನು ಕೂತೆ ಮಾವ. ಹೇಳುವ ಅಂದ್ರೆ ಅವಳ ಭಾಷೆ ನನಗೆ ಬರ್ತಿರಲಿಲ್ಲ."

ಅಮ್ಮ ಅವನ ಬಟ್ಟಲಿಗೆ ಇನ್ನೊಂದು ಸೌಟು ಗಂಜಿ ಬಡಿಸಿ ಒಳಗೆ ಹೋದವಳು ಬಹಳ ಹೊತ್ತು ಹೊರಗೆ ಬರಲಿಲ್ಲ. ಮಾವ ಕೈ ತೊಳೆದು, ಆ ಮಳೆಯಲ್ಲೇ ಕೊಡೆ ಹಿಡಿದು ಹೊರಟರು. ಮದ್ದು ಬೇಡವೆಂದು ಕೋರೆಯವನಿಗೆ ಹೇಳಿ ಬಂದರೆಂದು ಆಮೇಲೆ ತಿಳಿಯಿತು.

ಆ ಮಳೆಗಾಲವನ್ನು ಒಣಮೀನಿನಲ್ಲೇ ಕಳೆದೆವು. ಕಡಲು ತಣಿದು ದೋಣಿ ಇಳಿದಾಗ ಮಾವ ಅಣ್ಣನನ್ನೂ ಹತ್ತಿಸಿಕೊಂಡರು. ಶಾಲೆಯಲ್ಲಿ ಅವನ ವಿಮಾನದ ಬಗ್ಗೆ ಜಂಬ ಕೊಚ್ಚುತ್ತಿದ್ದ ನಾನು, ಅಣ್ಣ ಎಂತ ಮಾಡ್ತಾನೆಂದು ಯಾರಾದರೂ ಕೇಳಿದರೆ, ಮೀನು ಹಿಡಿಯುತ್ತಾನೆ ಎಂದಷ್ಟೇ ಹೇಳತೊಡಗಿದೆ.