ಕಲ್ಲಿನ ಗಿಡಕ್ಕೆ ಎರೆಮಣ್ಣು

ಮಿಲಿಟರಿ ಮಾವ ನಡೆದುಹೋದ ಅಂಗಳದಲ್ಲಿ ಒಂದು ಇಡೀ ಹೆಜ್ಜೆ, ಒಂದು ಅರ್ಧ ಹೆಜ್ಜೆ ಮೂಡಿರುತ್ತಿತ್ತು. ಆಫ್ರಿಕಾದ ಯುದ್ಧದಲ್ಲಿ ಗುಂಡು ತಗುಲಿದ ಎಡಗಾಲಿನ ಹಿಮ್ಮಡಿ ನೆಲಕ್ಕೆ ತಾಗುತ್ತಿರಲಿಲ್ಲ. ನಾನು ಹೊಳೆಆಲೂರಿನಿಂದ ಗಜೇಂದ್ರಗಡಕ್ಕೆ ಸೊಸೆಯಾಗಿ ಬಂದ ಹೊಸದು. ಆಗತಾನೇ ಸಾರಿಸಿದ ಅಂಗಳ ತುಳಿದುಕೊಂಡು ಪಕ್ಕದ ಮನೆಯ ಈ ಮಾವ ಅಂಗಳದಾಚೆ ದಾರಿಬದಿಯ ತಮ್ಮ ಗಿಡ ನೋಡಲು ಹೊರಟರೆ ನನಗೆ ಸಿಟ್ಟು ನೆತ್ತಿಗೇರುತ್ತಿತ್ತು. ಹಿರಿಯರಿಗೆ ಅನ್ನಬಾರದು. ನಾನು ಅನ್ನುತ್ತಿದ್ದೆ.

"ಅಂಗಳಾ ಆರೂತನಕ ಆದ್ರೂ ತಡೀರಿ, ಮಾವಾರ!"

"ರಾತ್ರಿ ಹ್ಯಾಂಗಿತ್ತೋ ಏನೋ, ನೋಡಿ ಬರ್ತೇನಿ ತಡಿಯವ್ವಾ."

ಆ ಗಿಡ ನಮ್ಮ ಸೀಮೆಯದಲ್ಲ. ಟೊಂಗೆಯಿಲ್ಲದ ದಪ್ಪ ಕಾಂಡ, ಬಿರುಕುಬಿಟ್ಟ ತೊಗಟೆ, ತುದಿಯಲ್ಲಿ ಮಾತ್ರ ಬೂದಿ ಬಣ್ಣದ ಎಲೆಗಳ ದೊಡ್ಡ ಗೊಂಚಲು. ಒಂದೊಂದು ಎಲೆಯೂ ಬೆರಳು ಬಿಡಿಸಿದ ಅಂಗೈಯ ಹಾಗೆ. ನೆರಳಿಲ್ಲ, ಹಣ್ಣಿಲ್ಲ, ಆದರೂ ಗುಡ್ಡದ ದೇವರಿಗೆ ಹೊರಟವರು ಅದನ್ನು ನಿಂತು ನೋಡಿಯೇ ಮುಂದೆ ಹೋಗುತ್ತಿದ್ದರು. ಆಫ್ರಿಕಾದಲ್ಲಿ ಬಿಳಿ ಸಾಹೇಬರು ಅದನ್ನು ಕೋಬೀ ಗಿಡ, ಅಂದರೆ ಎಲೆಕೋಸಿನ ಗಿಡ ಅನ್ನುತ್ತಿದ್ದರಂತೆ. "ಪಲ್ಯೇಕ ಬರ್ತೈತೇನ್ರಿ?" ಎಂದು ನಾನು ಕೆಣಕಿದರೆ, "ನಿಮ್ಮತ್ತಿ ಹಲ್ಲಿಗೆ ಆಗೂದಿಲ್ಲ ಬಿಡು" ಎಂದು ನಗುತ್ತಿದ್ದರು. ಅವರು ಮದುವೆಯಾಗಿರಲಿಲ್ಲ. ಯಾರಾದರೂ ಆ ಮಾತು ತೆಗೆದರೆ ಗಿಡ ನೋಡುವ ನೆಪದಲ್ಲಿ ಎದ್ದುಬಿಡುತ್ತಿದ್ದರು.

ಕಾಲಿಗೆ ಪೆಟ್ಟಾಗಿ ಹಡಗಿನಲ್ಲಿ ಮರಳುವಾಗ ಬಿಸ್ಕೀಟಿನ ಡಬ್ಬಿಯಲ್ಲಿ ಅವರು ಅದರ ಸಸಿ ತಂದಿದ್ದರು. ಜೊತೆಗೇ ಪಲ್ಟನ್ನಿಗೆ ಸೇರಿದ್ದ ರಾಜೂರಿನ ಗೆಳೆಯ ಮರಳಿರಲಿಲ್ಲ. ಅವನನ್ನು ಅಂಥದೇ ಗಿಡವೊಂದರ ಬುಡದಲ್ಲಿ ಇಟ್ಟು ಬಂದಿದ್ದರು.

"ಅಲ್ಲೆ ಗುಡ್ಡದ ಮ್ಯಾಲ, ಕಲ್ಲಿನ ಸಂದ್ಯಾಗ, ಒಂದೊಂದ ನಿಂತಿರ್ತಾವವ್ವಾ. ಸುತ್ತ ಹುಲ್ಲ ಸುಟ್ಟು ಹೋದ್ರೂ ಅವಕ್ಕ ಏನೂ ಆಗೂದಿಲ್ಲ. ಅವನ ಅವ್ವಗ ಆ ದೇಶದ ಹೆಸರ ಹೇಳಿದ್ರ ಏನ ತಿಳೀತೈತಿ? ಗಿಡಾನ ತೋರಿಸೂಣು ಅಂತ ತಂದೆ."

ಮಹಾನವಮಿ ಅಮಾವಾಸ್ಯೆಗೆ ತೀರಿಹೋದವರಿಗೆ ಎಡೆ ಹಿಡಿಯುತ್ತೇವಲ್ಲ, ಆ ದಿನ ಆ ತಾಯಿ ರಾಜೂರಿನಿಂದ ನಡೆದುಬಂದು ಗಿಡದ ಮುಂದೆ ಎಡೆ ಇಟ್ಟು ಹೋಗುತ್ತಿದ್ದಳು. ಒಂದು ವರ್ಷ ಎಡೆ ಇಟ್ಟವಳು ಏಳದೆ ಅಲ್ಲೇ ಕೂತು ಮಾವನನ್ನು ಕೇಳಿದಳು.

"ನನ್ನ ಮಗಗ ಮಣ್ಣ ಯಾರ ಕೊಟ್ರೋ, ತಮ್ಮಾ?"

ನಮ್ಮಲ್ಲಿ ಸತ್ತವನನ್ನು ಕುಣಿಯಲ್ಲಿಟ್ಟ ಮೇಲೆ ಅವನವರೆಲ್ಲ ಒಂದೊಂದು ಹಿಡಿ ಮಣ್ಣು ಹಾಕಬೇಕು. ಅದು ಸಿಗದೆ ಹೋದವನ ದಾರಿ ಮುಗಿಯುವುದಿಲ್ಲ ಎಂಬ ನಂಬಿಕೆ. ಮಾವ ಸುಳ್ಳು ಹೇಳಿಬಿಡಲಿ ಎಂದು ನಾನು ಬಾಗಿಲಲ್ಲಿ ನಿಂತು ದೇವರನ್ನು ಬೇಡಿಕೊಂಡೆ.

"ಅಲ್ಲೆ ಮಣ್ಣ ಇರ್ಲಿಲ್ಲವ್ವಾ. ಕಲ್ಲ ಮುಚ್ಚಿ ಬಂದೆ" ಎಂದರು.

ಮುಂದಿನ ಸಂತೆಯ ದಿನ ಅವಳು ತಲೆಯ ಮೇಲೆ ಒಂದು ಬುಟ್ಟಿ ಎರೆಮಣ್ಣು ಹೊತ್ತು ಬಂದಳು. "ಅಂವ ಬಿತ್ತಿದ ಹೊಲದ್ದು" ಎಂದು ಹಿಡಿಹಿಡಿಯಾಗಿ ಗಿಡದ ಬುಡಕ್ಕೆ ಹಾಕಿದಳು. ಅಲ್ಲಿಂದ ಮುಂದೆ ಅಮಾವಾಸ್ಯೆಗೊಮ್ಮೆ ಸೆರಗು ತುಂಬ ತಂದು ಸುರಿದಳು. ಬುಡದಲ್ಲಿ ಮೊಳಕಾಲೆತ್ತರ ಕಪ್ಪು ಗುಡ್ಡೆಯಾಯಿತು.

"ಈ ಗಿಡಕ್ಕ ಎರಿ ಆಗೂದಿಲ್ಲವ್ವಾ" ಎಂದರು ಮಾವ ನನ್ನ ಹತ್ತಿರ. "ನೀರ ಹಿಡೀತೈತಿ. ಬೇರ ಕೊಳೀತಾವು."

"ಹಂಗಾದ್ರ ಬ್ಯಾಡನ್ರಿ."

"ಯಾವ ಬಾಯಿಲೆ ಅನ್ಲಿ?"

"ಆಕಿ ಹೋದ ಮ್ಯಾಲ ನಾ ತಗದ ಹಾಕ್ತೇನಿ."

ಅವರು ನನ್ನ ಮೇಲೆ ದನಿಯೇರಿಸಿದ್ದು ಅದೊಂದೇ ಸಲ. "ಕೊಟ್ಟ ಮಣ್ಣ ತಗೀತಾರೇನವಾ ಯಾರರ?"

ಆ ವರ್ಷ ಮಳೆ ಚೆನ್ನಾಗಿ ಆಯಿತು. ಊರೆಲ್ಲ ಹಿಗ್ಗಿತು, ಮಾವ ಮಾತ್ರ ಮೋಡ ಕಂಡರೆ ಒಳಗೆ ಹೋಗಿ ಕೂಡುತ್ತಿದ್ದರು. ಎಲೆಗಳು ಹಳದಿಯಾದವು, ಕಾಂಡ ಒತ್ತಿದರೆ ಬೆರಳು ಒಳಗಿಳಿಯಿತು. ಒಂದು ಬೆಳಿಗ್ಗೆ ಗಾಳಿಯೇ ಇಲ್ಲದೆ ಗಿಡ ಅಡ್ಡಬಿತ್ತು. ಅವರು ಕುಂಟುತ್ತಲೇ ರಾಜೂರಿಗೆ ಹೋಗಿ ಹೇಳಿಬಂದರು. ಬೈದಳೇ ಎಂದು ಕೇಳಿದೆ.

"ಇಲ್ಲವ್ವಾ. ನನ್ನ ಮಗ ಈಗ ಮಣ್ಣಾದ ಅಂದ್ಳು. ಇನ್ನ ನೀ ಕಾಯೂದು ಬ್ಯಾಡ, ಆರಾಮ ಇರು ಅಂದ್ಳು."

ಆ ತಾಯಿಗೆ ಸಮಾಧಾನವಾಯಿತು. ಆದರೆ ಅಷ್ಟು ವರ್ಷ ಕಾಯುವುದನ್ನೇ ಬದುಕು ಮಾಡಿಕೊಂಡಿದ್ದ ಮನುಷ್ಯನಿಗೆ ಆರಾಮ ಇರುವುದು ಹೇಗೆಂದು ಗೊತ್ತಿರಲಿಲ್ಲ. ಹೊತ್ತು ಏರಿದರೂ ಹಾಸಿಗೆ ಬಿಡುತ್ತಿರಲಿಲ್ಲ. ನಾನು ರೊಟ್ಟಿ ಕಳಿಸಿದರೆ ಅರ್ಧ ಹಾಗೇ ಮರಳುತ್ತಿತ್ತು. ಅಂಗಳಕ್ಕೆ ಬನ್ನಿ, ಬೇಕಾದರೆ ಹಸಿ ನೆಲವನ್ನೇ ತುಳಿಯಿರಿ ಎಂದು ಗೋಗರೆದೆ. "ಏನ ನೋಡಾಕ ಬರ್ಲವ್ವಾ?" ಎಂದರು.

ಚಳಿಗಾಲದಲ್ಲಿ ಜ್ವರ ಬಂತು, ಇಳಿಯಲಿಲ್ಲ. ಅವರು ಹೋದ ದಿನ ರಾಜೂರಿಗೆ ಆಳು ಕಳಿಸಿದ್ದೆವು. ಜೋಳದ ಸುಗ್ಗಿ, ಅವಳು ದೂರದ ಹೊಲದಲ್ಲಿದ್ದಳಂತೆ. ಸುದ್ದಿ ಮುಟ್ಟಿ ಅವಳು ಬರುವಷ್ಟರಲ್ಲಿ ಮಣ್ಣಿಗೆ ಹೋದವರೆಲ್ಲ ಮರಳಿ ಕೈಕಾಲು ತೊಳೆದುಕೊಂಡಿದ್ದರು. ಸೆರಗಿನಲ್ಲಿ ಎರೆಮಣ್ಣಿನ ಗಂಟು ಹಿಡಿದು ಬಾಗಿಲಲ್ಲಿ ನಿಂತವಳನ್ನು ನಾನೇ ಕುಣಿಯ ಹತ್ತಿರ ಕರೆದುಕೊಂಡು ಹೋದೆ. ಮುಚ್ಚಿ, ತಟ್ಟಿ, ನೀರು ಚಿಮುಕಿಸಿ ಆಗಿತ್ತು. ಅವಳು ಕುಳಿತು ಅದರ ಮೇಲೆ ಕೈಯಾಡಿಸಿದಳು.

"ಇಬ್ಬರಿಗೂ ಹೊತ್ತಿಗೆ ಬರ್ಲಿಲ್ಲ ನಾ" ಎಂದಳು.